ಶಿಶುನಾಮದ ಅರ್ಥವಿಚಾರ

ಆಚಮನಕಾಲದಲ್ಲಿ ನಿತ್ಯವೂ ಸ್ಮರಿಸುವ ಕೇಶವಾದಿ 24 ನಾಮಗಳಲ್ಲಿ ಹತ್ತನೆಯದು ಹೃಷೀಕೇಶ. ಹೃಷೀಕಗಳೆಂದರೆ ಇಂದ್ರಿಯಗಳು, ಅವುಗಳಿಗೆ ಈಶನು ಹೃಷೀಕೇಶನು. ನಾವು ನೆಲೆಸಿರುವ ಠಾಣೆ, ಡೊಂಬಿವಲಿ, ಕಲ್ಯಾಣ, ನವಿಮುಂಬಯಿಗಳಲ್ಲಿ ಈ ನಾಮವನ್ನು ಮರಾಠಿಯ ರೂಢಿಯಂತೆ ‘ಋಷಿಕೇಶ’ವೆಂದು ಬರೆಯುವುದುಂಟು. ಆಗ ಅಕ್ಷರಾರ್ಥವು ಋಷಿಯ ಕೂದಲು!

ಹೆಸರಿನ ಪುಸ್ತಕಗಳನ್ನೂ ಪೂರ್ತಿಯಾಗಿ ನಂಬತಕ್ಕದ್ದಲ್ಲ. ‘ಆರವ’ನೆಂದರೆ ಶಾಂತನೆಂದು ಕೆಲವು ಪಟ್ಟಿಗಳು ಹೇಳುತ್ತವೆ, ಅಮರಕೋಶದಲ್ಲಿ ಅದು ಧ್ವನಿವಾಚಕ. (ಹಸುಗೂಸಿಗೆ ಇದೇ ಹೆಚ್ಚು ಒಪ್ಪೀತು.) ಸಂಶಯವಿದ್ದಲ್ಲಿ ನಾಮಕರಣಕ್ಕೆ ಮೊದಲೇ ಕೋಶವನ್ನು ನೋಡಿರಿ, ಇಲ್ಲವೇ ಆಚಾರ್ಯರನ್ನು ಕೇಳಿರಿ.

ನೋಂದಣಿಗೆ ಅವಸರವಿಲ್ಲ. 1969ರ ಕಾಯಿದೆಯಂತೆ ಹೆಸರಿಲ್ಲದೆಯೇ ಜನನವನ್ನು ನೋಂದಿಸಿ, 12 ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರನ್ನು ಸೇರಿಸಬಹುದು. ಶಾಲೆಯ ದಾಖಲೆಯೂ ಜನನಪತ್ರವನ್ನೇ ಅನುಸರಿಸುವುದರಿಂದ, ಅದರಲ್ಲಿನ ದೇವನಾಗರಿ ಅಕ್ಷರಗಳನ್ನು, ‘ಹೃ’ಕಾರವನ್ನೂ ‘ಷೀ’ಯ ದೀರ್ಘವನ್ನೂ, ತಂದೆತಾಯಿಗಳೇ ಓದಿ ನೋಡಬೇಕು.