ಹಾಸ್ಟೆಲಲ್ಲಿ ನಾವು, ಊರಲ್ಲಿ ನಮ್ಮ ಓಟು

2009ರ ಲೋಕಸಭಾ ಚುನಾವಣೆಯಲ್ಲಿ ದಾವಣಗೆರೆ ಕ್ಷೇತ್ರದಿಂದ ಜಿ.ಎಂ. ಸಿದ್ದೇಶ್ವರ ಅವರು ಎಸ್.ಎಸ್. ಮಲ್ಲಿಕಾರ್ಜುನ್ ಅವರ ವಿರುದ್ಧ ಗೆದ್ದ ಅಂತರ 2,024 ಮತ. ಇಬ್ಬರಿಗೂ ನಾಲ್ಕು ಲಕ್ಷದ ಮೇಲೆ ಮತ ಬಿದ್ದಿದ್ದವು. ಈ ಊರಿನ ಹಾಸ್ಟೆಲ್, ಪಿಜಿ, ಬಾಡಿಗೆ ರೂಮುಗಳಲ್ಲಿ ಇರೋ ವಿದ್ಯಾರ್ಥಿಗಳ ಲೆಕ್ಕದ ಮುಂದೆ 2,024 ಏನೂ ದೊಡ್ಡ ಸಂಖ್ಯೆ ಅಲ್ಲ. ಆದರೆ ನಮ್ಮಲ್ಲಿ ಎಷ್ಟು ಜನರ ಹೆಸರು, ಮತದಾನದ ದಿನ ನಾವು ಇರುವ ಜಾಗದಲ್ಲಿದೆ?

ಮೊದಲು ‘ಶೇಕಡಾವಾರು ಮತದಾನ’ ಅನ್ನೋದನ್ನ ಬಿಡಿಸಿ ನೋಡೋಣ. ಮತ ಹಾಕಿದವರ ಸಂಖ್ಯೆಯನ್ನು ಪಟ್ಟಿಯಲ್ಲಿರುವ ಹೆಸರುಗಳಿಂದ ಭಾಗಿಸಿದರೆ ಬರುವುದೇ ಅದು. ಒಂದು ಬೂತಿನಲ್ಲಿ 1,000 ಹೆಸರು, 700 ಮತ ಎಂದುಕೊಳ್ಳಿ: ಶೇ 70. ಅದರಲ್ಲಿ 50 ಜನ ಊರು ಬಿಟ್ಟವರಾದರೆ ಛೇದ 950 ಆಗಬೇಕು, ಉತ್ತರ ಶೇ 73.7. ಹಾಗೇ ಹೆಸರು ಸೇರದ 100 ಅರ್ಹರನ್ನೂ ಕೂಡಿಸಿದರೆ ಛೇದ 1,050, ಉತ್ತರ ಶೇ 66.7. ಮತ ಅವೇ 700! ಅಂದರೆ ಪಟ್ಟಿ ಕೆಟ್ಟರೆ ಅಳತೆಯೂ ಕೆಡುತ್ತದೆ. ಊರಲ್ಲಿ ಹೆಸರಿಟ್ಟುಕೊಂಡು ಇಲ್ಲಿ ಓದೋ ನಾವು ಆ ಛೇದದಲ್ಲಿ ಮಾತ್ರ ಇರ್ತೀವಿ.

ಅಂಚೆ ಮತ ಇದೆಯಲ್ಲ ಅಂತ ಕೇಳಬಹುದು. ಅದು ಸೇನೆಯವರು, ಚುನಾವಣಾ ಕೆಲಸದಲ್ಲಿರೋರು, 85 ದಾಟಿದವರು, ಅಂಗವಿಕಲರು ಹೀಗೆ ಕೆಲವರಿಗೆ ಮಾತ್ರ. ಬೀದರ್‌ನಲ್ಲಿ ಹೆಸರಿದ್ದು ದಾವಣಗೆರೆಯಲ್ಲಿ ಓದುವವರಿಗೆ ದಾರಿ ಎರಡೇ: ಊರಿಗೆ ಹೋಗೋದು, ಇಲ್ಲವೇ ಹೆಸರನ್ನೇ ಇಲ್ಲಿಗೆ ತರೋದು. ಹಾಸ್ಟೆಲ್ ವಿದ್ಯಾರ್ಥಿಗಳಿಗೆ ಮನೆ ವಿಳಾಸ ಅಥವಾ ಹಾಸ್ಟೆಲ್ ವಿಳಾಸ, ಎರಡರಲ್ಲಿ ಒಂದನ್ನು ಆರಿಸಿಕೊಳ್ಳುವ ಅವಕಾಶ ಇದೆ. ಹಾಸ್ಟೆಲ್ ವಿಳಾಸ ಕೊಡುವವರು ಕಾಲೇಜಿನ ದೃಢೀಕರಣ ಪತ್ರ ಇಟ್ಟುಕೊಳ್ಳಬೇಕು. ಮೊದಲ ಸಲ ಹೆಸರು ಸೇರಿಸೋರಿಗೆ ನಮೂನೆ 6, ಈಗಾಗಲೇ ಇರೋ ಹೆಸರನ್ನು ವರ್ಗಾಯಿಸೋರಿಗೆ ನಮೂನೆ 8. ಎರಡೂ ಕಡೆ ಹೆಸರು ಇಟ್ಟುಕೊಳ್ಳುವ ಹಾಗಿಲ್ಲ. ಸುಳ್ಳು ಘೋಷಣೆಗೆ 1950ರ ಪ್ರಜಾಪ್ರತಿನಿಧಿ ಕಾಯ್ದೆಯಲ್ಲಿ ಒಂದು ವರ್ಷದವರೆಗೆ ಜೈಲು ಇದೆ.

ಜಾಗ ಆರಿಸುವಾಗ ಸ್ವಲ್ಪ ಯೋಚಿಸಬೇಕು. ಹರಿಹರದವರು ದಾವಣಗೆರೆಗೆ ಹೆಸರು ತಂದರೆ ಲೋಕಸಭೆಗೆ ಅಭ್ಯರ್ಥಿಗಳು ಅವರೇ, ಯಾಕಂದ್ರೆ ಎರಡೂ ಒಂದೇ ಲೋಕಸಭಾ ಕ್ಷೇತ್ರ. ವಿಧಾನಸಭೆಗೆ ಮಾತ್ರ ಹರಿಹರ ಬಿಟ್ಟು ದಾವಣಗೆರೆ ಉತ್ತರ ಅಥವಾ ದಕ್ಷಿಣಕ್ಕೆ ಸೇರ್ತೀರಿ. ಹರಪನಹಳ್ಳಿಯದು ಇನ್ನೊಂದು ಥರ: ತಾಲ್ಲೂಕು ಈಗ ವಿಜಯನಗರ ಜಿಲ್ಲೆಯಲ್ಲಿದ್ದರೂ ಲೋಕಸಭೆಗೆ ದಾವಣಗೆರೆಗೇ ಮತ. ಜಿಲ್ಲೆಯ ಗಡಿ ಬದಲಾದರೆ ಕ್ಷೇತ್ರದ ಗಡಿ ತಾನಾಗಿ ಬದಲಾಗೋದಿಲ್ಲ. ಇನ್ನು ಪಾಲಿಕೆ, ನಗರಸಭೆ ಚುನಾವಣೆ ನಡೆಸೋದು ರಾಜ್ಯ ಚುನಾವಣಾ ಆಯೋಗ. ಹಾಸ್ಟೆಲ್ ಮುಂದಿನ ಚರಂಡಿ, ಬೀದಿದೀಪದ ಬಗ್ಗೆ ಕೇಳೋ ಹಕ್ಕು ಎಲ್ಲರಿಗೂ ಇದೆ, ಆದರೆ ಆ ವಾರ್ಡಿನ ಸದಸ್ಯರನ್ನು ಆರಿಸೋದು ಅಲ್ಲಿನ ಪಟ್ಟಿಯಲ್ಲಿ ಇರೋರು ಮಾತ್ರ.

ಇದೆಲ್ಲಕ್ಕೂ ಗಡುವು ಇದೆ. ನಾಮಪತ್ರ ಸಲ್ಲಿಕೆಯ ಕೊನೆಯ ದಿನ ಮುಗಿದ ಮೇಲೆ ಆ ಚುನಾವಣೆಗೆ ಹೆಸರು ಸೇರಿಸೋಕೆ ಬರಲ್ಲ. 2024ರಲ್ಲಿ ಇಲ್ಲಿ ಮತದಾನ ಮೇ 7ಕ್ಕೆ, ನಾಮಪತ್ರದ ಕೊನೆ ದಿನ ಏಪ್ರಿಲ್ 19. ಅರ್ಜಿ ಪರಿಶೀಲನೆಗೂ ದಿನ ಬೇಕಾದ್ದರಿಂದ ಅದಕ್ಕೂ ಮೊದಲೇ ಹಾಕಬೇಕು. ಈಗ ಜನವರಿ, ಏಪ್ರಿಲ್, ಜುಲೈ, ಅಕ್ಟೋಬರ್ 1, ಹೀಗೆ ವರ್ಷಕ್ಕೆ ನಾಲ್ಕು ಅರ್ಹತಾ ದಿನಗಳಿವೆ. 17 ತುಂಬಿದ ಜೂನಿಯರ್‌ಗಳೂ ಮುಂಗಡ ಅರ್ಜಿ ಹಾಕಬಹುದು.

ಕಡೇ ಮಾತು: ಜೇಬಲ್ಲಿ ವೋಟರ್ ಐಡಿ ಇದ್ದ ಮಾತ್ರಕ್ಕೆ ಮತ ಇದೆ ಎಂದಲ್ಲ. ಪಟ್ಟಿಯಲ್ಲಿ ಹೆಸರಿದ್ದರೆ ಐಡಿ ಬದಲು ಆಧಾರ್ ತೋರಿಸಿಯೂ ಮತ ಹಾಕಬಹುದು. ಹೆಸರಿಲ್ಲದಿದ್ದರೆ ಯಾವ ಕಾರ್ಡೂ ನಡೆಯಲ್ಲ. ಆಯೋಗದ ಮತದಾರರ ಪೋರ್ಟಲ್‌ನಲ್ಲಿ ಅಥವಾ 1950ಕ್ಕೆ ಕರೆ ಮಾಡಿ ಹೆಸರು ನೋಡಿಕೊಳ್ಳೋಣ. ಚುನಾವಣೆ ಘೋಷಣೆ ಆಗೋ ತನಕ ಕಾಯೋದು ಬೇಡ.