ಗಣಿ ಮುಚ್ಚಿದ ಮೇಲೆ ಚಿನ್ನದ ಊರು

ಒಂದು ಊರಿನ ಬಾಳೆಲ್ಲ ಒಂದೇ ಉದ್ಯಮವನ್ನು ಆಶ್ರಯಿಸಿದ್ದರೆ, ಅದು ನಿಂತ ದಿನ ಏನಾಗುತ್ತದೆ? ಅರ್ಥಶಾಸ್ತ್ರದ ವಿದ್ಯಾರ್ಥಿಗಳಾದ ನಾವು ಇದಕ್ಕೆ ನಿದರ್ಶನವನ್ನು ದೂರದೇಶದಲ್ಲಿ ಹುಡುಕಬೇಕಾಗಿಲ್ಲ. ಕೋಲಾರದ ಚಿನ್ನದ ಗಣಿ ಪ್ರದೇಶ ನಮ್ಮ ಕಣ್ಣೆದುರಿಗೇ ಇದೆ.

1880ರ ದಶಕದಲ್ಲಿ ಜಾನ್ ಟೇಲರ್ ಕಂಪನಿಯ ಕೈಯಲ್ಲಿ ಈ ಗಣಿಗಳು ಏಳಿಗೆಗೆ ಬಂದವು. 1902ರಲ್ಲಿ ಶಿವನಸಮುದ್ರದ ವಿದ್ಯುತ್ತು ಹರಿದು ಬಂದುದು ಇಲ್ಲಿಗೆ. ಬೆಂಗಳೂರಿನ ಬೀದಿಗಳಿಗೆ ಅದು ತಲುಪಿದ್ದು 1905ರಲ್ಲಿ. 1956ರಲ್ಲಿ ಗಣಿಗಳು ಮೈಸೂರು ಸರ್ಕಾರಕ್ಕೂ, 1962ರಲ್ಲಿ ಕೇಂದ್ರ ಸರ್ಕಾರಕ್ಕೂ ಸೇರಿದವು. ಚಾಂಪಿಯನ್ ರೀಫ್ ಗಣಿಯ ಆಳ 3 ಕಿಲೋಮೀಟರನ್ನು ಮೀರಿತು. ಆಳ ಹೆಚ್ಚಿದಂತೆ ಗಾಳಿಯೂಡಿಸುವ, ನೀರೆತ್ತುವ, ಅದಿರು ಮೇಲೆ ತರುವ ವೆಚ್ಚವೂ ಹೆಚ್ಚಿತು. ಅದಿರಿನಲ್ಲಿ ಚಿನ್ನ ಮಾತ್ರ ಕಡಿಮೆಯಾಗುತ್ತ ಬಂದಿತು. ಕೊನೆಗೆ 2001ರ ಫೆಬ್ರವರಿ 28ರಂದು ಕೆಲಸ ನಿಂತಿತು.

ಗಣಿಯು ಕೊಡುತ್ತಿದ್ದುದು ಸಂಬಳವೊಂದನ್ನೇ ಅಲ್ಲ ಎಂಬುದನ್ನು ಇಲ್ಲಿ ಮುಖ್ಯವಾಗಿ ಗಮನಿಸಬೇಕು. ಲೈನುಗಳ ಮನೆ, ನಲ್ಲಿಯ ನೀರು, ದೀಪ, ಆಸ್ಪತ್ರೆ, ಎಲ್ಲಕ್ಕೂ ಒಡೆಯ ಒಬ್ಬನೇ. ಆದುದರಿಂದ ಕೆಲಸ ಹೋದವನಿಗೆ ತಲೆಯ ಮೇಲಿನ ಸೂರಿನ ಚಿಂತೆಯೂ ಜೊತೆಗೇ ಹತ್ತಿತು. ಅಂಗಡಿಯವನ ಸಾಲದ ಪುಸ್ತಕವೂ ಸಂಬಳದ ದಿನವನ್ನೇ ನಂಬಿತ್ತಷ್ಟೆ!

1964ರಲ್ಲಿ ಸ್ಥಾಪಿತವಾದ ಭಾರತ್ ಅರ್ಥ್ ಮೂವರ್ಸ್ ಸಂಸ್ಥೆಯ ಕಾರ್ಖಾನೆ ಊರಿನಲ್ಲಿ ಇದೆಯಲ್ಲ ಎಂದು ಕೆಲವರು ಕೇಳಬಹುದು. ಇದೆ. ಆದರೆ ನೆಲದಡಿಯಲ್ಲಿ ಬಂಡೆ ಕೊರೆದು ಪಳಗಿದ ಕೈಗೆ ಯಂತ್ರ ಜೋಡಿಸುವ ಕೆಲಸ ತಾನಾಗಿ ಬಾರದು. ನಲವತ್ತು ದಾಟಿದವನಿಗೆ ಹೊಸ ಕಸುಬು ಕಲಿಸುವವರು ಯಾರು? ಹೀಗಾಗಿ ಸಾವಿರಾರು ಮಂದಿ ಬೆಳಗಿನ ಜಾವ ರೈಲು ಹತ್ತಿ, ಸುಮಾರು 100 ಕಿಲೋಮೀಟರು ದೂರದ ಬೆಂಗಳೂರಿಗೆ ದುಡಿಯಲು ಹೋಗಿ ರಾತ್ರಿ ಮರಳುವುದು ಊರಿನ ರೂಢಿಯಾಯಿತು. ದುಡಿಮೆ ಬೆಂಗಳೂರಿನಲ್ಲಿ, ನಿದ್ದೆ ಊರಿನಲ್ಲಿ. ಊರಿಗೆ ಶಾಶ್ವತವಾಗಿ ಉಳಿದದ್ದು ಗಾಳಿಗೆ ಧೂಳೆಬ್ಬಿಸುವ ಸೈನೈಡ್ ದಿಬ್ಬಗಳು.

ನಾನೂ ಆ ಊರಿನವನೇ. ನಮ್ಮ ತಾತ ಗಣಿಗೆ ಇಳಿದವರು. ಮನೆಯಲ್ಲಿ ಪದವಿ ತರಗತಿಗೆ ಬಂದವರಲ್ಲಿ ನಾನೇ ಮೊದಲಿಗ. ಪರೀಕ್ಷೆ ಮುಗಿದ ಮೇಲೆ ನಾನೂ ಅದೇ ರೈಲನ್ನು ಹತ್ತಬೇಕಾದೀತು. ಅದಕ್ಕೆ ನಾಚಿಕೆಯಿಲ್ಲ, ಆದರೆ ಓದಿದವರೆಲ್ಲ ಊರು ಬಿಡುವುದೇ ಊರಿನ ಉದ್ಧಾರವೆಂದು ಒಪ್ಪಲಾರೆ.

ಗಣಿಯೆಂಬುದು ಎಂದಾದರೂ ಬರಿದಾಗುವಂಥದೇ. ಅದು ನಡೆಯುತ್ತಿರುವಾಗಲೇ ದುಡಿದವನ ಮನೆಯನ್ನು ಅವನ ಹೆಸರಿಗೆ ಮಾಡಿಕೊಡುವುದು, ಅವನ ಮಕ್ಕಳಿಗೆ ಬೇರೆ ಕಸುಬು ಕಲಿಸುವುದು, ಊರಿಗೆ ಎರಡನೆಯ ಉದ್ಯಮವನ್ನು ತರುವುದು ವಿವೇಕದ ಲಕ್ಷಣ. ಚಿನ್ನ ಮುಗಿದ ಮೇಲೂ ಜನ ಇರುತ್ತಾರೆ. ಈ ಮಾತನ್ನು ಇಂದು ಒಂದೇ ಉದ್ಯಮದ ನೆರಳಿನಲ್ಲಿ ಬೆಳೆಯುತ್ತಿರುವ ಊರುಗಳು ಮರೆಯದಿರಲಿ.