ಊರು ತೋರಿಸುವ ನಡಿಗೆಯ ಲೆಕ್ಕ



ವ್ಯವಹಾರ ಅಧ್ಯಯನದಲ್ಲಿ ‘ಸೇವೆಗಳು’ ಎಂಬ ಪಾಠವನ್ನು ವಾಣಿಜ್ಯ ವಿಭಾಗದ ನಾವೆಲ್ಲ ಪ್ರಥಮ ಪಿಯುಸಿಯಲ್ಲಿ ಓದಿದ್ದೇವೆ. ಸೇವೆಗೆ ಐದು ಲಕ್ಷಣಗಳು. ಅದನ್ನು ಕೈಯಲ್ಲಿ ಹಿಡಿಯಲು ಬರುವುದಿಲ್ಲ. ಪ್ರತಿ ಸಲ ಒಂದೇ ತೆರನಾಗಿ ಇರುವುದಿಲ್ಲ. ಕೊಡುವವರಿಂದ ಅದನ್ನು ಬೇರೆ ಮಾಡಲಾಗದು. ಸರಕಿನಂತೆ ದಾಸ್ತಾನು ಮಾಡಿ ಇಡಲಾಗದು. ಗ್ರಾಹಕರೂ ಅದರಲ್ಲಿ ಪಾಲ್ಗೊಳ್ಳಬೇಕು. ಪರೀಕ್ಷೆಯಲ್ಲಿ ಇಷ್ಟು ಬರೆದು ನಾನು ಪೂರ್ತಿ ಅಂಕ ಪಡೆದಿದ್ದೆ. ಪಾಠ ಅರ್ಥವಾಗಿದ್ದು ಮಾತ್ರ ಈ ವರ್ಷ, ನಾವು ಮೂವರು ಗೆಳತಿಯರು ಪ್ರಾಜೆಕ್ಟ್‌ಗೆಂದು ಇಂಡಿಯಲ್ಲಿ ಒಂದು ‘ಊಟದ ನಡಿಗೆ’ ನಡೆಸಿ ನಷ್ಟ ಮಾಡಿಕೊಂಡ ಮೇಲೆ.

ಮೊದಲು ಈ ವ್ಯಾಪಾರ ಏನೆಂದು ಹೇಳುತ್ತೇನೆ. ಹತ್ತು ಹನ್ನೆರಡು ಜನರ ಗುಂಪು. ಊರು ಬಲ್ಲ ಒಬ್ಬ ಗೈಡ್. ಎರಡು ಮೂರು ತಾಸು ಹಳೆಯ ಓಣಿಗಳಲ್ಲಿ ನಡೆಯುವುದು, ಅಲ್ಲಲ್ಲಿ ನಿಂತು ಕಟ್ಟಡ ನೋಡುವುದು, ಅಂಗಡಿಯಲ್ಲೋ ಮನೆಯಲ್ಲೋ ಆ ಊರಿನ ತಿನಿಸು ತಿನ್ನುವುದು. ಜಪಾನಿನ ಕ್ಯೋಟೋ ನಗರದಲ್ಲಿ ಇದು ದೊಡ್ಡ ವ್ಯಾಪಾರ. ಅಲ್ಲಿ ನಿಶಿಕಿ ಎಂಬ ಮಾರುಕಟ್ಟೆಯಿದೆ. ಒಂದೇ ಕಿರಿದಾದ ಬೀದಿ, ನೂರಕ್ಕೂ ಹೆಚ್ಚು ಅಂಗಡಿಗಳು. ಉಪ್ಪಿನಕಾಯಿ, ಮೀನು, ಸೋಯಾ ತಿನಿಸು, ಚಹಾ. ಊರಿನವರು ಅದನ್ನು ಕ್ಯೋಟೋದ ಅಡುಗೆಮನೆ ಎನ್ನುತ್ತಾರೆ. ಪ್ರವಾಸಿಗರು ಹೆಚ್ಚಾದ ಮೇಲೆ ಅಲ್ಲಿಯ ವ್ಯಾಪಾರಿಗಳು, ನಡೆಯುತ್ತ ತಿನ್ನಬೇಡಿ, ಕೊಂಡ ಅಂಗಡಿಯ ಮುಂದೆಯೇ ನಿಂತು ತಿನ್ನಿ ಎಂದು ಕೇಳಿಕೊಳ್ಳಬೇಕಾಯಿತು. ಇದನ್ನು ಮನೆಯಲ್ಲಿ ಹೇಳಿದಾಗ ದಾದಿ ನಕ್ಕರು. ‘ಚಲ್ತೆ ಚಲ್ತೆ ನಕ್ಕೊ ಖಾವ್’ ಎಂದು ನಮಗೆ ಅವರು ಚಿಕ್ಕಂದಿನಿಂದ ಹೇಳುತ್ತಿರುವುದೂ ಅದನ್ನೇ.

ನಮ್ಮ ಹತ್ತಿರದ ಕ್ಯೋಟೋ ಎಂದರೆ ವಿಜಯಪುರ. ನಮ್ಮ ನಡಿಗೆ ನಡೆಸುವ ಮುನ್ನ ಕಲಿತು ಬನ್ನಿ ಎಂದು ಸರ್ ಅಲ್ಲಿಗೆ ಕಳಿಸಿದರು. ಗೋಳಗುಮ್ಮಟವನ್ನು ಎಲ್ಲರೂ ಶಾಲೆಯ ಪ್ರವಾಸದಲ್ಲಿ ನೋಡಿರುತ್ತಾರೆ, ಏಳು ಸಲ ಮಾರ್ದನಿಸುವಂತೆ ಕೂಗಿಯೂ ಬಂದಿರುತ್ತಾರೆ. ಅದನ್ನು ಬಿಟ್ಟು ಜಾಮಿಯಾ ಮಸೀದಿಯಿಂದ ಬಾರಾ ಕಮಾನಿನವರೆಗೆ ಕಾಲ್ನಡಿಗೆಯಲ್ಲಿ ಹೋಗೋಣ ಎಂದರು ಗೈಡ್ ಚಾಚಾ.

ಜಾಮಿಯಾ ಮಸೀದಿಯನ್ನು ಕಟ್ಟಿಸಲು ತೊಡಗಿದವನು ಒಂದನೆಯ ಅಲಿ ಆದಿಲಶಾಹ. 1565ರ ರಕ್ಕಸತಂಗಡಿ ಯುದ್ಧದಲ್ಲಿ ಗೆದ್ದವರಲ್ಲಿ ಅವನೂ ಒಬ್ಬ. ಯುದ್ಧದ ಹೆಸರಿನಲ್ಲಿರುವ ತಂಗಡಗಿ ನಮ್ಮ ಮುದ್ದೇಬಿಹಾಳ ತಾಲೂಕಿನ ಊರು. ಅಲ್ಲಿಂದ ಮುಂದೆ ಮೆಹ್ತರ್ ಮಹಲ್. ಹೆಸರಿಗೆ ಮಹಲು, ನಿಜಕ್ಕೆ ಅರಮನೆಯೇ ಅಲ್ಲ. ಹಿಂದಿರುವ ಮಸೀದಿಯ ಹೆಬ್ಬಾಗಿಲು. ಕಲ್ಲನ್ನು ಕಟ್ಟಿಗೆಯಂತೆ ಕೊರೆದಿದ್ದಾರೆ. ಚಾಚಾ ಅದರ ಹೆಸರಿನ ಬಗ್ಗೆ ಒಂದು ರಸವತ್ತಾದ ಕಥೆ ಹೇಳಿ, ಕೊನೆಗೆ, ‘ಇದು ಕಥಿ ಐತವ್ವಾ, ಇತಿಹಾಸ ಅಂತ ಬರಕೋಬ್ಯಾಡ’ ಎಂದರು. ನಾನು ಆಗಲೇ ಬರೆದುಕೊಂಡಿದ್ದೆ. ಅಳಿಸಿದೆ. ಆಸಾರ್ ಮಹಲಿನಲ್ಲಿ ಹೆಂಗಸರಿಗೆ ಒಳಗೆ ಪ್ರವೇಶವಿಲ್ಲ. ಮುಂದಿನ ಕೊಳದ ಹತ್ತಿರ ಕುಳಿತು, ಎತ್ತರದ ಮರದ ಕಂಬಗಳನ್ನು ಹೊರಗಿನಿಂದಲೇ ನೋಡಿದೆವು. ಎಂಥ ನಡಿಗೆಯಲ್ಲೂ ತೆರೆಯದ ಒಂದು ಬಾಗಿಲು ಇರುತ್ತದೆ ಎಂದು ಆಗ ಅನಿಸಿತು. ಆ ಮಾತು ಮುಂದೆ ನಮ್ಮ ಮನೆಯ ಬಾಗಿಲಿಗೇ ಬರುತ್ತದೆ ಎಂದು ಗೊತ್ತಿರಲಿಲ್ಲ. ಗಗನ ಮಹಲ್ ದಾಟಿ ಬಾರಾ ಕಮಾನಿಗೆ ಬರುವಷ್ಟರಲ್ಲಿ ಹಸಿವು. ಅದು ಎರಡನೆಯ ಅಲಿ ಆದಿಲಶಾಹನ ಮುಗಿಯದ ಗೋರಿ, ಛಾವಣಿಯೇ ಇಲ್ಲ.

ತಿನ್ನಲು ಸಿಕ್ಕಿದ್ದರಲ್ಲಿ ನನಗೆ ಹಿಡಿಸಿದ್ದು ಮಣ್ಣಿನ ಗಡಿಗೆಯ ಕೊಲ್ಹಾರ ಮೊಸರು. ಬಸವನ ಬಾಗೇವಾಡಿ ಕಡೆಯವರಿಗೆ ಇದನ್ನು ವರ್ಣಿಸಬೇಕಾಗಿಲ್ಲ. ಗಡಿಗೆ ಬೋರಲು ಹಾಕಿದರೂ ಬೀಳದಷ್ಟು ಗಟ್ಟಿ. ಆಲಮಟ್ಟಿಯ ಹಿನ್ನೀರಿನಲ್ಲಿ ಹಳೆಯ ಕೊಲ್ಹಾರ ಮುಳುಗಿತು. ಜನ ಹೊಸ ಕೊಲ್ಹಾರಕ್ಕೆ ಬಂದರು, ಮೊಸರು ಹೆಪ್ಪು ಹಾಕುವ ಕೈಗಳೂ ಜೊತೆಗೇ ಬಂದವು. ಸೇವೆಯನ್ನು ಕೊಡುವವರಿಂದ ಬೇರೆ ಮಾಡಲಾಗದು ಎನ್ನುತ್ತದಲ್ಲ ಪಾಠ? ಮೊಸರು ಸೇವೆಯಲ್ಲ, ಸರಕು, ಒಪ್ಪುತ್ತೇನೆ. ಆದರೂ ನನಗೆ ಆ ಸಾಲು ನೆನಪಾಗಿದ್ದು ಅಲ್ಲಿ.

ಇನ್ನು ನಮ್ಮ ನಡಿಗೆ. ಒಂದು ಭಾನುವಾರ ಸಿಂದಗಿಯಿಂದ ಹನ್ನೆರಡು ಮಂದಿ ಬಂದರು. ಗೆಳತಿಯ ಅಕ್ಕನ ಬಿ.ಎಡ್. ಸಹಪಾಠಿಗಳು, ಜೊತೆಗೆ ಒಬ್ಬರು ನಿವೃತ್ತ ಇತಿಹಾಸ ಶಿಕ್ಷಕರು. ತಲೆಗೆ 150 ರೂಪಾಯಿ. ಮೊದಲು ಲಿಂಬೆ ವ್ಯಾಪಾರಿಯ ಅಂಗಡಿ. ಹಣ್ಣನ್ನು ಗಾತ್ರ ನೋಡಿ ಆರಿಸಿ ಚೀಲಕ್ಕೆ ತುಂಬುವುದನ್ನು ತೋರಿಸಿದೆವು. ಇಂಡಿ ಲಿಂಬೆಗೆ 2023ರಲ್ಲಿ ಜಿಐ ಮಾನ್ಯತೆ, ಅಂದರೆ ಭೌಗೋಳಿಕ ಸೂಚಕ ಸಿಕ್ಕಿದೆ. ಟ್ರೇಡ್‌ಮಾರ್ಕ್ ಒಂದು ಕಂಪನಿಯದಾದರೆ ಜಿಐ ಒಂದು ಸೀಮೆಯದು. ಆ ಹೆಸರು ಆ ಸೀಮೆಯ ಬೆಳೆಗಾರರೆಲ್ಲರಿಗೂ ಸೇರಿದ್ದು. ಇದನ್ನು ನಾನೇ ವಿವರಿಸಿದೆ, ಚೆನ್ನಾಗಿಯೇ ವಿವರಿಸಿದೆ. ಆಮೇಲೆ ಹಿಟ್ಟಿನ ಗಿರಣಿ, ಬಳೆ ಅಂಗಡಿ, ನಮ್ಮ ಓಣಿ.

ಊಟ ನಮ್ಮ ಮನೆಯಲ್ಲಿ. ಅಮ್ಮಿ ತಹರಿ ಮತ್ತು ಮಾಲಿದಾ ಮಾಡಿದ್ದರು. ಪಕ್ಕದ ಮನೆಯ ಕಾಕು ಮಾದಲಿ ಕಳಿಸಿದ್ದರು. ಎರಡನ್ನೂ ಒಂದೇ ತಾಟಿನಲ್ಲಿ ಬಡಿಸಿದ್ದು ನಮ್ಮ ನಡಿಗೆಯಲ್ಲಿ ನಾವು ಮಾಡಿದ ಅತ್ಯಂತ ಒಳ್ಳೆಯ ಕೆಲಸ. ಮಾಲಿದಾಕ್ಕೆ ಬಿಸಿ ಗೋಧಿ ರೊಟ್ಟಿಯನ್ನು ಕೈಯಿಂದ ಹಿಸುಕಿ ತುಪ್ಪ, ಬೆಲ್ಲ ಸೇರಿಸುತ್ತಾರೆ. ಮಾದಲಿಗೂ ಗೋಧಿ, ಬೆಲ್ಲವೇ. ಮೇಲೆ ಗಸಗಸೆ, ಪುಠಾಣಿ, ಒಣ ಕೊಬ್ಬರಿ, ತಿನ್ನುವಾಗ ಹಾಲು ತುಪ್ಪ. ಒಂದು ಫಾತಿಹಾಕ್ಕೆ, ಇನ್ನೊಂದು ಜಾತ್ರೆಗೆ. ಗೋಡೆ ಒಂದೇ ಇರುವ ಎರಡು ಮನೆಗಳಲ್ಲಿ ಇಷ್ಟು ವರ್ಷ ಎರಡನ್ನೂ ತಿಂದಿದ್ದೆ, ಅಕ್ಕಪಕ್ಕ ಇಟ್ಟು ನೋಡಿರಲಿಲ್ಲ.

ತಪ್ಪುಗಳಿಗೆ ಬರುತ್ತೇನೆ. ತಾಟಿನಲ್ಲಿದ್ದ ಶೇಂಗಾ ಚಟ್ನಿಗೆ ನಾನು ‘ಆದಿಲಶಾಹಿ ಕಾಲದ ಚಟ್ನಿ’ ಎಂದು ಚೀಟಿ ಅಂಟಿಸಿದ್ದೆ. ಇತಿಹಾಸದ ಮೇಷ್ಟ್ರು ಓದಿ, ‘ಯಾವ ಸುಲ್ತಾನ ತಿಂದಿದ್ದನವ್ವಾ ಇದನ್ನ?’ ಎಂದು ಕೇಳಿದರು. ಶೇಂಗಾ ದಕ್ಷಿಣ ಅಮೆರಿಕದ ಬೆಳೆ; ಮೆಣಸಿನಕಾಯಿ ಕೂಡ ಅಮೆರಿಕ ಖಂಡದ್ದೇ, ಪೋರ್ಚುಗೀಸರು ತಂದದ್ದು. ಜೋಳದ ರೊಟ್ಟಿಗೆ ಆ ಚೀಟಿ ಅಂಟಿಸಿದ್ದರೆ ಬಹುಶಃ ಪಾರಾಗುತ್ತಿದ್ದೆ. ಗ್ರಾಹಕ ಸಂರಕ್ಷಣೆಯ ಪಾಠದಲ್ಲಿ ದಾರಿ ತಪ್ಪಿಸುವ ಜಾಹೀರಾತು ಎಂದು ಓದುತ್ತೇವಲ್ಲ, ಅದನ್ನೇ ನಾನು ಸ್ಕೆಚ್ ಪೆನ್ನಿನಿಂದ ಬರೆದಿದ್ದೆ.

ಎರಡನೆಯದನ್ನು ನೆನೆದರೆ ನಗು ಬರುವುದಿಲ್ಲ. ದಾದಿ ಒಳಬಾಗಿಲಲ್ಲಿ ಬಿಸಿಲಿಗೆ ತಲೆಗೂದಲು ಒಣಗಿಸುತ್ತ ಜೋಳ ಹಸನು ಮಾಡುತ್ತಿದ್ದರು. ಅತಿಥಿಯೊಬ್ಬರು ‘ಎಷ್ಟು ಚೆಂದ ಐತಿ’ ಎಂದು ಮೊಬೈಲಿನಲ್ಲಿ ಫೋಟೋ ತೆಗೆದರು. ಆಮೇಲೆ ಇನ್ನಿಬ್ಬರು. ದಾದಿ ಓಢಣಿ ತಲೆಗೆಳೆದುಕೊಂಡು ಒಳಗೆ ಹೋದವರು ಸಂಜೆಯವರೆಗೆ ಊಟಕ್ಕೂ ಬರಲಿಲ್ಲ. ನಾನು ಹೋಗಿ ಕರೆದಾಗ, ‘ಇದು ಮನೆ, ಗುಮ್ಮಟ ಅಲ್ಲ’ ಎಂದರು. ಅತಿಥಿಗಳದ್ದು ತಪ್ಪಿಲ್ಲ, ಏನು ಮಾಡಬಾರದು ಎಂದು ನಾವು ಅವರಿಗೆ ಹೇಳಿರಲಿಲ್ಲ. ದಾದಿಯನ್ನಂತೂ ಕೇಳಿಯೇ ಇರಲಿಲ್ಲ. ಕ್ಯೋಟೋದ ಗಿಯಾನ್ ಎಂಬ ಹಳೆಯ ಬಡಾವಣೆಯಲ್ಲೂ ಇದೇ ತೊಂದರೆ. ಅಲ್ಲಿಯ ನಿವಾಸಿಗಳು 2019ರಲ್ಲಿ ಖಾಸಗಿ ಓಣಿಗಳಲ್ಲಿ ಫೋಟೋ ತೆಗೆದರೆ 10,000 ಯೆನ್ ದಂಡ ಎಂದು ಫಲಕ ಹಾಕಿದರು. 2024ರಲ್ಲಿ ಕೆಲವು ಓಣಿಗಳಿಗೆ ಪ್ರವಾಸಿಗರು ಬರುವುದನ್ನೇ ನಿಲ್ಲಿಸಿದರು. ದಾದಿ ಫಲಕ ಹಾಕಲಿಲ್ಲ, ಅಷ್ಟೇ. ಗ್ರಾಹಕರ ಪಾಲ್ಗೊಳ್ಳುವಿಕೆ ಎಂದು ಪುಸ್ತಕದಲ್ಲಿದೆ. ಓಣಿಯವರ ಒಪ್ಪಿಗೆ ಎಂಬ ಆರನೆಯ ಲಕ್ಷಣ ಅದರಲ್ಲಿಲ್ಲ.

ಮೂರನೆಯದು ಲೆಕ್ಕ. ಆದಾಯ 1,800 ರೂಪಾಯಿ. ಖರ್ಚು: ಅಕ್ಕಿ, ಗೋಧಿ, ಬೇಳೆ, ಬೆಲ್ಲ, ತುಪ್ಪ 620, ಮಾದಲಿಯ ಸಾಮಾನು 200, ಮೊಸರು 180, ಎಲೆ ಮತ್ತು ನೀರು 110, ಶರಬತ್ತು 90. ಒಟ್ಟು 1,200. ಲಾಭ 600. ತಲೆಗೆ 200ರಂತೆ ಹಂಚಿಕೊಂಡು, ಅಂದವಾಗಿ ಗೆರೆ ಎಳೆದು ಸರ್ ಮುಂದೆ ಇಟ್ಟೆವು. ಸರ್ ಕೆಂಪು ಪೆನ್ನಿನಲ್ಲಿ ಒಂದೇ ಪ್ರಶ್ನೆ ಬರೆದರು: ‘ಅಡುಗೆ ಯಾರು ಮಾಡಿದರು?’

ಅಮ್ಮಿ ಎಂದೆ. ಹಾಗಾದರೆ ಅಮ್ಮಿಯ ಕೂಲಿ ಎಲ್ಲಿ ಎಂದರು. ಅಮ್ಮಿಗೆ ಕೂಲಿಯೇ ಸರ್, ಮನೆಯದಲ್ಲವೇ ಎಂದೆ. ಮನೆಯವರಿಗೆ ಊಟ ಹಾಕಿದ್ದರೆ ಮನೆಯದು, ಹಣ ಕೊಟ್ಟವರಿಗೆ ಹಾಕಿದ್ದೀರಲ್ಲ ಎಂದರು. ಅರ್ಥಶಾಸ್ತ್ರದಲ್ಲಿ ಅವಕಾಶ ವೆಚ್ಚ ಎಂದು ಓದುತ್ತೇವೆ: ಒಂದು ಕೆಲಸ ಮಾಡಿದ್ದರಿಂದ ಬಿಟ್ಟುಕೊಟ್ಟ ಇನ್ನೊಂದು ಕೆಲಸದ ಬೆಲೆ. ಅಮ್ಮಿ ಹೊಲಿಗೆ ಮಾಡುತ್ತಾರೆ. ಆ ಭಾನುವಾರ ಫಜರ್ ನಮಾಜಿನ ನಂತರ ಒಲೆ ಹಚ್ಚಿದವರು ಮಿಷನ್ ಮುಟ್ಟಲೇ ಇಲ್ಲ. ಕೂಲಿಯವರ ಬೆವರಿನ ಬಗ್ಗೆ ಇರುವ ಹದೀಸ್ ನಮಗೆಲ್ಲ ಬಾಯಿಪಾಠ. ಆದರೆ ಬೆವರು ನಮ್ಮ ಅಡುಗೆಮನೆಯದಾದಾಗ ನನಗೆ ಅದು ನೆನಪಾಗಲಿಲ್ಲ.

ಮದುವೆ ಮನೆಗಳಿಗೆ ರೊಟ್ಟಿ ಬಡಿಯಲು ಹೋಗುವ ಹೆಂಗಸರನ್ನು ಕೇಳಿ, ತಾಸಿಗೆ 60 ರೂಪಾಯಿ ಎಂದು ಹಿಡಿದೆವು. ಅಮ್ಮಿಯದು ಏಳು ತಾಸು, ಕಾಕುವಿನದು ನಾಲ್ಕು. 660 ರೂಪಾಯಿ. ಅಂದರೆ 60 ರೂಪಾಯಿ ನಷ್ಟ, ನಮ್ಮ ಮೂವರ ದುಡಿಮೆ ಲೆಕ್ಕಕ್ಕೇ ಇಲ್ಲ. ಹಂಚಿಕೊಂಡ ದುಡ್ಡನ್ನು ವಾಪಸು ತಂದು, ಮೇಲೆ ತಲೆಗೆ 20 ಸೇರಿಸಿದೆವು. ಮುಂದಿನ ಸಲದ ದರ 200 ಎಂದು ಬರೆದೆವು. ಹನ್ನೆರಡು ಜನ ಬಂದರೆ 2,400, ಖರ್ಚು ಕಳೆದು 540 ಉಳಿಯುತ್ತದೆ. ಹೊರಡುವ ಮುನ್ನ ಅತಿಥಿಗಳಿಗೆ ಹೇಳಬೇಕಾದ ಮಾತುಗಳನ್ನೂ ಬರೆದೆವು: ಕೇಳದೆ ಫೋಟೋ ಇಲ್ಲ, ಒಳಬಾಗಿಲು ದಾಟುವಂತಿಲ್ಲ, ಕೂತು ತಿನ್ನಬೇಕು. ಕೊನೆಯದು ದಾದಿ ಸೇರಿಸಿದ್ದು.

ಕಾಕು ‘ಏನಿದು ಹುಚ್ಚುತನ’ ಎಂದು ಬೈದು, ನಾನು ಹಟ ಮಾಡಿದ ಮೇಲೆ 240 ರೂಪಾಯಿ ಸೆರಗಿನ ತುದಿಗೆ ಕಟ್ಟಿಕೊಂಡರು. ಅಮ್ಮಿಯ ಕೈಗೆ 420 ಇಟ್ಟಾಗ, ಇದು ಯಾರದು ಎಂದು ಕೇಳಿದರು. ನಿಮ್ಮದೇ ಎಂದೆ. ಎರಡು ಸಲ ಎಣಿಸಿ ಅಕ್ಕಿ ಡಬ್ಬಿಯ ಹಿಂದೆ ಇಟ್ಟರು. ಮರುದಿನ ನಾನು ಕಾಲೇಜಿಗೆ ಹೊರಟಾಗ, ಮುಂದಿನ ಮಂದಿ ಯಾವಾಗ ಬರುತ್ತಾರೆ ಎಂದು ವಿಚಾರಿಸಿದರು. ಲಿಂಬೆ ಉಪ್ಪಿನಕಾಯಿ ಬಡಿಸಬೇಕಾದರೆ ಈಗಲೇ ಹಾಕಬೇಕಂತೆ, ಮಾಗಲು ದಿನ ಬೇಕು.